ಸಾಕಷ್ಟು ಜೇನು

ಎಷ್ಟು ಎಂದು ಕೇಳಿದ್ದೇ ತಪ್ಪಾಯಿತೇನೋ. ಕೇಳದೆ ಇದ್ದಿದ್ದರೆ ಕೈಗೆ ತೋಚಿದಷ್ಟು ಸುರಿದು, ಆದದ್ದಾಗಲಿ ಎಂದು ಬಿಡಬಹುದಿತ್ತು. ಆದರೆ ಅವಳು ನಿನ್ನೆ ಕೇಳಿದಳು, ಜೇನು ಎಷ್ಟು ಹಾಕಬೇಕು ಎಂದು. ಫೋನಿನ ಆ ತುದಿಯಲ್ಲಿ, ತಾನು ಕೆಲಸ ಮಾಡುವ ಹೋಟೆಲಿನ ದೊಡ್ಡ ಅಡುಗೆಮನೆಯ ಗಲಾಟೆಯ ನಡುವೆ ನಿಂತಿದ್ದ ನಾದಿನಿ, ಸಾಕಷ್ಟು ಹಾಕಿ ಅತ್ತಿಗೆ, ಎಂದು ಫೋನ್ ಇಟ್ಟುಬಿಟ್ಟಳು. ಸಾಕಷ್ಟು ಎಂದರೆ ಇನ್ನು ಸಾಕು ಅನ್ನಿಸುವಷ್ಟೋ, ಕೈಬಿಟ್ಟು ಧಾರಾಳವಾಗಿಯೋ? ಮಾತು ಬಂದಾಗಿನಿಂದ ಆಡಿಕೊಂಡು ಬಂದ ಪದ, ಇವತ್ತು ಜೇನಿನ ಬಾಟಲಿ ಹಿಡಿದು ಅಡುಗೆಕಟ್ಟೆಯ ಮುಂದೆ ನಿಂತಾಗ ಎರಡು ಕಡೆಗೂ ಕೈ ತೋರಿಸುತ್ತಿತ್ತು. ಮತ್ತೆ ಕೇಳೋಣವೆಂದರೆ ನಾದಿನಿ ಈಗ ರೈಲಿನಲ್ಲಿರುತ್ತಾಳೆ, ಫೋನ್ ಸಿಗುವುದಿಲ್ಲ. ಸಂಜೆ ಬರುತ್ತಾಳೆ, ಊಟ ಮಾಡುತ್ತಾಳೆ, ನಾಳೆ ಬೆಳಿಗ್ಗೆ ಹೊರಡುವಾಗ ಹುಡುಗಿಯನ್ನು ಕರೆದುಕೊಂಡು ಹೋಗುತ್ತಾಳೆ, ಇಲ್ಲವೇ ಬಿಟ್ಟು ಹೋಗುತ್ತಾಳೆ. ಯಾವುದು ಎನ್ನುವುದನ್ನು ಊಟದ ಹೊತ್ತಿಗೆ ಹುಡುಗಿಯೇ ಹೇಳಲಿ ಎಂದು ದೊಡ್ಡವರು ಮೂವರೂ, ತಾನು, ತನ್ನ ಗಂಡ, ಗಂಡನ ಈ ತಂಗಿ, ಒಪ್ಪಿಕೊಂಡಿದ್ದರು. ಒಪ್ಪಿಕೊಂಡಾಗ ಅದು ಬಹಳ ದೊಡ್ಡ ಮನಸ್ಸಿನ ಮಾತಿನಂತೆ ಕೇಳಿಸಿತ್ತು. ಈಗ ನೋಡಿದರೆ, ಮೂವರೂ ಸೇರಿ ಕೈ ತೊಳೆದುಕೊಂಡು ಹನ್ನೆರಡು ವರ್ಷದವಳ ತಲೆಗೆ ಕಟ್ಟಿದ ಹಾಗಿತ್ತು.

ಹುಡುಗಿಯನ್ನು ಹೆತ್ತವಳು ನಾದಿನಿ. ಗಂಡ ಬಿಟ್ಟುಹೋದ ಮೇಲೆ, ದೂರದ ಊರಿನಲ್ಲಿ ಕೆಲಸ ಸಿಕ್ಕಿತು, ಆರು ತಿಂಗಳು ನೋಡಿಕೊಳ್ಳಿ ಅತ್ತಿಗೆ ಎಂದು, ಆಗಷ್ಟೇ ಓಡಾಡಲು ಕಲಿತಿದ್ದ ಮಗುವನ್ನು ಇವಳ ಸೊಂಟಕ್ಕೆ ದಾಟಿಸಿ ಹೋಗಿದ್ದಳು. ಆ ಆರು ತಿಂಗಳು ಇನ್ನೂ ಮುಗಿದಿರಲಿಲ್ಲ. ಬಂದ ದಿನ ಮಗು ಒಂದೇ ಸಣ್ಣ ಸ್ವರದಲ್ಲಿ, ಏರದೆ ಇಳಿಯದೆ, ಅತ್ತೇ ಅತ್ತಿತು. ಇದ್ಯಾರು ನಮ್ಮನೇಲಿ ಪಿಟೀಲು ಕುಯ್ಯೋರು ಎಂದು ಇವಳ ಗಂಡ ನಕ್ಕ. ಪಿಟೀಲು ಎಂಬ ಹೆಸರು ಅಲ್ಲಿಗೆ ನಿಂತಿತು. ಇವಳನ್ನು ಅಮ್ಮ ಎಂದಿತು, ಅವನನ್ನು ಅಪ್ಪ ಎಂದಿತು, ವಾರಕ್ಕೊಮ್ಮೆ ಫೋನಿನೊಳಗಿಂದ ಮುದ್ದು ಮಾಡುವ ಹೆಂಗಸನ್ನು ಯಾರೂ ಹೇಳಿಕೊಡದೆ ಫೋನಮ್ಮ ಎಂದಿತು. ನಾದಿನಿ ಅದಕ್ಕೆ ನಕ್ಕಳು. ನಕ್ಕು, ಅವತ್ತು ಬೇಗ ಫೋನ್ ಇಟ್ಟಳು. ಈಗ ಒಂದು ವಾರದಿಂದ, ಕರೆದುಕೊಂಡು ಹೋಗುವ ಮಾತು ಎದ್ದಾಗಿನಿಂದ, ಹುಡುಗಿ ಅಮ್ಮ ಎನ್ನುವುದನ್ನೂ ನಿಲ್ಲಿಸಿದ್ದಾಳೆ, ಫೋನಮ್ಮ ಎನ್ನುವುದನ್ನೂ ನಿಲ್ಲಿಸಿದ್ದಾಳೆ. ಯಾರನ್ನೂ ಏನೂ ಕರೆಯದೆ ಮಾತಾಡುತ್ತಾಳೆ. ಟವೆಲ್ ಎಲ್ಲಿದೆ. ನಾಳೆ ಬೇಗ ಹೋಗಬೇಕು. ಬೆನ್ನ ಹಿಂದೆ ಬಂದು ನಿಂತು, ತಿರುಗಿ ನೋಡುವ ತನಕ ಕಾದು, ಆಮೇಲೆ ಹೇಳುತ್ತಾಳೆ. ಮೊನ್ನೆ ಇವಳು ಬೇಕೆಂದೇ ತಿರುಗದೆ ಪಾತ್ರೆ ತೊಳೆಯುತ್ತ ನಿಂತಳು, ಈಗ ಕರೆಯಲೇಬೇಕಲ್ಲ, ನೋಡೋಣ ಎಂದು. ಹುಡುಗಿ ತೆರೆದಿದ್ದ ಬಾಗಿಲನ್ನು ಬೆರಳ ಗೆಣ್ಣಿನಿಂದ ತಟ್ಟಿದಳು. ಹೊರಗಿನವರು ತಟ್ಟುವ ಹಾಗೆ ತಟ್ಟಿದಳು.

ಕ್ಯಾರೆಟ್ಟಿನ ಸಿಪ್ಪೆ ತೆಗೆದು, ನಾದಿನಿ ಹೇಳಿದಂತೆ ಓರೆಯಾಗಿ, ಒಂದೇ ದಪ್ಪಕ್ಕೆ ಹೆಚ್ಚಬೇಕಿತ್ತು. ಕೆಲವು ದಪ್ಪವಾದವು, ಕೆಲವು ತೆಳ್ಳಗಾದವು. ಹುಡುಗಿಗೆ ಜೇನು ಹಾಕಿ ಹುರಿದ ಕ್ಯಾರೆಟ್ ಅಂದರೆ ಪ್ರಾಣ, ಗೊತ್ತಲ್ಲ ಅತ್ತಿಗೆ, ನಾನು ಬರುವ ದಿನ ಅದನ್ನೇ ಮಾಡಿ, ತುಂಬಾ ಸಿಂಪಲ್ಲು, ಎಂದಿದ್ದಳು ನಾದಿನಿ. ಗೊತ್ತಲ್ಲ ಎಂದಳು. ಇವಳೂ, ಗೊತ್ತಲ್ಲದೆ ಏನು, ಎಂದುಬಿಟ್ಟಳು. ಗೊತ್ತಿರಲಿಲ್ಲ. ಈ ಮನೆಯಲ್ಲಿ ಕ್ಯಾರೆಟ್ ಬೇಯಿಸಿದ ದಿನವೆಲ್ಲ ಹುಡುಗಿ ಅದನ್ನು ಒಂದೊಂದೇ ಹೆಕ್ಕಿ ತಟ್ಟೆಯ ಅಂಚಿಗೆ ಸಾಲಾಗಿ ಜೋಡಿಸುತ್ತಿದ್ದಳು. ಕಣ್ಣಿಗೆ ಒಳ್ಳೇದು ಕಣೇ ಎಂದು ಇವಳು ಗೋಗರೆಯುವುದು, ನನ್ನ ಕಣ್ಣು ಚೆನ್ನಾಗೇ ಇದೆ ಎಂದು ಅವಳು ಹೇಳುವುದು, ಅಂಚಿನಲ್ಲಿದ್ದದ್ದನ್ನು ಕೊನೆಗೆ ಇವಳೇ ತಿನ್ನುವುದು. ಹೋದ ರಜೆಯಲ್ಲಿ ನಾದಿನಿಯ ಹತ್ತಿರ ಹೋಗಿದ್ದಳಲ್ಲ, ಅಲ್ಲಿ ತಿಂದಿರಬೇಕು. ಬಂದವಳು ಹೇಳಲೇ ಇಲ್ಲ. ಯಾಕೆ ಹೇಳಲಿಲ್ಲ? ಇವಳಿಗೆ ಮಾಡಲು ಬರುವುದಿಲ್ಲ ಎಂದೇ, ಅಥವಾ ಇವಳಿಗೆ ನೋವಾಗುತ್ತದೆ ಎಂದೇ? ಎರಡರಲ್ಲಿ ಯಾವುದಾದರೂ ಅವಮಾನವೇ. ತಾನು ಸಾಕಿದ ಮಗುವಿನ ನಾಲಿಗೆಯ ರುಚಿಯನ್ನು ದೂರದಲ್ಲಿದ್ದವಳಿಂದ ಕೇಳಿ ತಿಳಿಯಬೇಕಾಯಿತಲ್ಲ ಎಂದು ಹೊಟ್ಟೆ ಉರಿಯಿತು. ಉರಿದದ್ದಕ್ಕೆ ನಾಚಿಕೆಯೂ ಆಯಿತು.

ಓವನ್ನೂ ನಾದಿನಿಯದೇ. ಎರಡು ವರ್ಷದ ಹಿಂದೆ ಕಳಿಸಿಕೊಟ್ಟದ್ದು. ಬಳಸ್ತಿದ್ದೀರಾ ಅತ್ತಿಗೆ ಎಂದು ಕೇಳಿದಾಗಲೆಲ್ಲ, ಅಯ್ಯೋ ಅದಿಲ್ಲದೆ ಕೈಯೇ ಓಡಲ್ಲ ಎನ್ನುತ್ತಿದ್ದಳು. ಅದರೊಳಗೆ ಪಾತ್ರೆಗಳ ಮುಚ್ಚಳ, ಮಡಚಿದ ಪ್ಲಾಸ್ಟಿಕ್ ಚೀಲ, ಹಿಡಿ ಮುರಿದ ಒಂದು ಸೌಟು ಇರುತ್ತಿದ್ದವು. ಇವತ್ತು ಎಲ್ಲವನ್ನೂ ತೆಗೆದು ಒರೆಸಿದರೆ ಒಳಗೆಲ್ಲ ಹೊಸತಾಗಿ ಫಳಫಳ ಹೊಳೆಯಿತು. ಹೋಟೆಲಿನಲ್ಲಿ ದಿನಾ ಒಲೆಯ ಮುಂದೆ ನಿಲ್ಲುವವಳು ಒಂದು ಸಲ ಬಾಗಿಲು ತೆಗೆದರೆ ಸಾಕು, ಸುಳ್ಳು ಹೊರಬೀಳುತ್ತದೆ. ಶಾಖ ಎಷ್ಟಿರಬೇಕೋ ಅದೂ ಗೊತ್ತಿಲ್ಲ. ಇಸ್ತ್ರಿಪೆಟ್ಟಿಗೆಯಾದರೆ ಒಂದು ಹನಿ ನೀರು ಚಿಮುಕಿಸಿ, ಅದು ಹಾರುವ ಸದ್ದಿನಲ್ಲೇ ಹೇಳುತ್ತಿದ್ದಳು, ರೇಷ್ಮೆಗೋ ಹತ್ತಿಗೋ ಎಂದು. ಕೆಲಸ ಮಾಡುವ ಲಾಂಡ್ರಿಯಲ್ಲಿ ಇಷ್ಟು ವರ್ಷ ನಿಂತು ಕಲಿತದ್ದು ಅದೊಂದೇ. ಅದೂ ಇವತ್ತು ಕೈಕೊಟ್ಟಿತು. ಬೆಳಿಗ್ಗೆ ಯಾರದೋ ಬಿಳಿ ಅಂಗಿಯ ಕಾಲರಿನ ಮೇಲೆ ಪೆಟ್ಟಿಗೆ ಇಟ್ಟು ಕಿಟಕಿ ನೋಡುತ್ತ ನಿಂತುಬಿಟ್ಟಳು. ಮ್ಯಾನೇಜರ್ ಬಯ್ಯಲಿಲ್ಲ. ಆ ಕಂದು ಗುರುತನ್ನು ಎಲ್ಲರಿಗೂ ಕಾಣುವಂತೆ ಎತ್ತಿ ಹಿಡಿದು, ನಮ್ಮ ಮೇಡಮ್ಮವರಿಗೆ ಇವತ್ತು ಮನೇಲಿ ವಿಶೇಷ ಇರಬೇಕು, ಅರ್ಧ ದಿನ ಹೋಗಲಿ ಬಿಡ್ರಪ್ಪ, ಎಂದ. ಕೇಳಬೇಕೆಂದಿದ್ದ ರಜೆ ಹೀಗೆ ಕೇಳದೆಯೇ ಸಿಕ್ಕಿತು. ಎಣ್ಣೆ, ಉಪ್ಪು, ಕಾಳುಮೆಣಸಿನ ಪುಡಿ ಹಾಕಿ ಕ್ಯಾರೆಟ್ಟನ್ನು ಕೈಯಲ್ಲೇ ಹೊರಳಿಸಿದಳು. ನಾದಿನಿಯ ಮಾತಿನಲ್ಲಿ ಎಲ್ಲೋ ಆಮೇಲೆ ಎಂಬುದೊಂದು ಇತ್ತು, ಆಮೇಲೆ ಜೇನು, ಆಮೇಲೆ ಬೆಣ್ಣೆ. ಕಡಿಮೆ ಹಾಕಿದರೆ ಜಿಪುಣತನ ಎನ್ನಿಸಬಾರದಲ್ಲ. ಬಾಟಲಿ ಬಗ್ಗಿಸಿದಳು. ಧಾರಾಳವಾಗಿಯೇ ಬಗ್ಗಿಸಿದಳು. ಟ್ರೇ ಒಳಗಿಟ್ಟು ಬಾಗಿಲು ಮುಚ್ಚಿದಳು.

ಓವನ್ನಿನ ಗಾಜಿನೊಳಗೆ ಕೆಂಪು ಬೆಳಕು ಹತ್ತಿತು. ಅದನ್ನೇ ನೋಡುತ್ತ ಸ್ಟೂಲಿನ ಮೇಲೆ ಕುಳಿತಳು. ಇವಳು ನಿಮ್ಮ ಸಾಕು ಮಗಳಾ, ಎಂದು ಮೆಟ್ಟಿಲ ಮೇಲೆ ಕೇಳಿದ್ದು ಮೇಲಿನ ಮಹಡಿಗೆ ಹೊಸದಾಗಿ ಬಂದಿದ್ದ ಹೆಂಗಸು. ಹುಡುಗಿಗೆ ಆಗ ಐದೋ ಆರೋ. ಮೆಟ್ಟಿಲಿನಲ್ಲಿ ಏನೂ ಹೇಳದೆ ಬಂದು, ಮಲಗುವಾಗ ಇಬ್ಬರ ನಡುವೆ ತೂರಿಕೊಂಡು, ಸಾಕು ಮಗಳು ಅಂದ್ರೇನು ಎಂದಳು. ಗಂಡನಿಗೆ ಎಲ್ಲಿಂದ ಹೊಳೆಯಿತೋ, ಥಟ್ಟನೆ ಹೇಳಿದ: ಅಂದ್ರೆ, ನಮಗೆ ನೀನೊಬ್ಳೇ ಸಾಕು, ಬೇರೆ ಯಾರೂ ಬೇಡ ಅಂತ. ಹುಡುಗಿ ಆ ಮಾತನ್ನು ಸಕ್ಕರೆ ತಿಂದ ಹಾಗೆ ತಿಂದಳು. ಸಿಕ್ಕಿದವರಿಗೆಲ್ಲ ಹೇಳಿಕೊಂಡು ಬಂದಳು. ಬೇರೆ ಮಕ್ಕಳಿಗೆ ಅಕ್ಕ ಇದ್ದಾಳೆ, ತಮ್ಮ ಇದ್ದಾನೆ, ನಾನು ಮಾತ್ರ ಸಾಕು ಮಗಳು, ಎಂದು ಗತ್ತಿನಿಂದ ಹೇಳುತ್ತಿದ್ದಳು. ಹೀಗೇ ಎಷ್ಟೋ ವರ್ಷ ನಡೆಯಿತು, ಯಾರೂ ತಿದ್ದಲಿಲ್ಲ. ಇಬ್ಬರೂ ಒಳಗೊಳಗೇ ಖುಷಿಪಟ್ಟುಕೊಂಡು ಸುಮ್ಮನಿದ್ದರು. ಕೊನೆಗೆ ತಿದ್ದಿದ್ದು ಟೀಚರ್. ಒಳ್ಳೆಯ ಹೆಂಗಸೇ. ಹಾಗಲ್ಲ ಮರಿ, ಸಾಕೋದು ಅಂದ್ರೆ ಬೆಳೆಸೋದು, ನಾಯಿ ಸಾಕ್ತಾರಲ್ಲ, ಸಾಕು ನಾಯಿ ಅಂತೀವಲ್ಲ, ಎಂದು ಇಡೀ ಕ್ಲಾಸಿನ ಮುಂದೆ ಬಿಡಿಸಿ ಹೇಳಿದಳು. ಕ್ಲಾಸು ಬೊಗಳಿ ತೋರಿಸಿತು. ಅವತ್ತು ಸಂಜೆ ಹುಡುಗಿ ಬಂದು, ಚೀಲವನ್ನೂ ಇಳಿಸದೆ ಇದೇ ಬಾಗಿಲಲ್ಲಿ ನಿಂತು ಕೇಳಿದಳಲ್ಲ, ಸಾಕು ನಾಯಿಲಿರೋ ಸಾಕೇನಾ ಇದು ಅಂತ. ಅಲ್ಲ ಎನ್ನಬಹುದಿತ್ತು. ಹೌದು, ಆದರೆ ಎಂದು ಏನಾದರೂ ಹೇಳಬಹುದಿತ್ತು. ಹೋಗಿ ಕೈಕಾಲು ತೊಳಿ, ಎಂದಳು. ಹುಡುಗಿ ಹೋಗಿ ತೊಳೆದುಕೊಂಡಳು. ಅಲ್ಲಿಂದ ಮುಂದೆ ಆ ಪದ ಈ ಮನೆಯಲ್ಲಿ ಕೇಳಿಸಲಿಲ್ಲ, ಬಡಿಸುವಾಗ ಬಿಟ್ಟು. ಬಡಿಸುವಾಗಲೂ ಹುಡುಗಿ ಬರೀ ಕೈ ಅಡ್ಡ ಇಡುತ್ತಿದ್ದಳು ಎಂದು ಈಗ, ಸ್ಟೂಲಿನ ಮೇಲೆ ಕುಳಿತು, ಮೊದಲ ಸಲ ನೆನಪಾಯಿತು. ಹೊಗೆ ಕಣ್ಣಿಗೆ ಹತ್ತಿದ ಮೇಲೆಯೇ ಅವಳಿಗೆ ವಾಸನೆ ತಿಳಿದದ್ದು.

ಎಳೆದು ನೋಡಿದರೆ ಟ್ರೇಯಲ್ಲಿ ಜೇನು ಕಪ್ಪಗೆ ಗಾಜಿನಂತೆ ಗಟ್ಟಿಯಾಗಿತ್ತು, ಕ್ಯಾರೆಟ್ ಅದರೊಳಗೆ ಹೂತುಕೊಂಡು ಅಂಚೆಲ್ಲ ಕರಿಕಾಗಿತ್ತು. ಚಾಕುವಿನಿಂದ ಎಬ್ಬಿಸಲು ಹೋದರೆ ಟಕ್ ಎಂದು ಚಾಕುವೇ ಜಾರಿತು. ಕಿಟಕಿ ತೆಗೆದು, ಟವೆಲ್ ಬೀಸಿ ಹೊಗೆ ಓಡಿಸುತ್ತಿರುವಾಗ ಬೆನ್ನ ಹಿಂದೆ ಯಾರೋ ನಿಂತಂತಾಯಿತು. ಹುಡುಗಿ ಶಾಲೆಯಿಂದ ಬಂದಿದ್ದಳು. ಏನು ಸೀದದ್ದು, ಎಂದಳು. ಏನೂ ಇಲ್ಲ, ಎಂದಳು ಇವಳು, ಟ್ರೇಗೆ ಅಡ್ಡವಾಗಿ. ಹುಡುಗಿ ಮೂಗು ಏರಿಸಿ, ಇವಳ ಮುಖವನ್ನೂ ಟವೆಲನ್ನೂ ನೋಡಿ, ಒಳಗೆ ಹೋದಳು. ಇವಳು ಬಿಸಿ ಟ್ರೇಯನ್ನು ಹಾಗೇ ಸಿಂಕಿನ ಕೆಳಗಿನ ಕಪಾಟಿಗೆ ತಳ್ಳಿ ಬಾಗಿಲು ಹಾಕಿದಳು. ಒಂದು ಯೋಚನೆ ಬಂತು: ಬೇಕೆಂದೇ ಸುಟ್ಟೆನೇ? ಆ ಹೆಂಗಸಿನ ಅಡುಗೆ ಈ ಮನೆಯ ತಟ್ಟೆಗೆ ಬೀಳಬಾರದು ಎಂದು ತನ್ನೊಳಗೇ ಯಾರೋ ಕೂತು ಹೊತ್ತು ಕಳೆದರೇ? ಇಲ್ಲ ಎನ್ನಲು ಅವಳಿಗೆ ಧೈರ್ಯ ಬರಲಿಲ್ಲ. ಹೌದು ಎನ್ನಲೂ ಬರಲಿಲ್ಲ.

ಗಂಡ ಲಿಫ್ಟ್ ರಿಪೇರಿಯವನು. ಕೆಲಸದಿಂದ ಬಂದವನು ಗ್ರೀಸು ಕೈಯಲ್ಲೇ ಅಡುಗೆಮನೆಗೆ ಇಣುಕಿ, ಮುಖ ನೋಡಿ, ಕೈ ಉಜ್ಜಿ ತೊಳೆದು, ಉಳಿದಿದ್ದ ಕ್ಯಾರೆಟ್ಟನ್ನು ತೊಳೆದು ಕೊಟ್ಟ. ಹುಡುಗಿ ಏನಾದರೂ ಹೇಳಿದಳೇ ನಿಮ್ಮ ಹತ್ತಿರ ಎಂದು ಇವಳು ಕೇಳಿದಳು. ಇಲ್ಲ ಎಂದ. ಕೇಳಬಾರದೇ ಒಂದು ಮಾತು ಎಂದದ್ದಕ್ಕೆ ಸ್ವಲ್ಪ ಹೊತ್ತು ಸಿಪ್ಪೆ ತೆಗೆಯುತ್ತ ನಿಂತ.

"ಎರಡು ಮಹಡಿ ಮಧ್ಯ ನಿಂತಿರೋ ಲಿಫ್ಟಿನ ಬಾಗಿಲನ್ನ ಹೊರಗಿಂದ ಎಳೀಬಾರ್ದು ಕಣೇ," ಎಂದ. "ಒಳಗಿರೋರಿಗೆ ಇನ್ನೂ ಭಯ ಆಗತ್ತೆ."

ದೊಡ್ಡ ಇಂಜಿನಿಯರ್ ಮಾತು, ಎಂದು ಇವಳು ಗೊಣಗಿದಳು. ಅವನು ಕೈ ತೊಳೆದು, ಹುಡುಗಿಯನ್ನು ಕರೆದುಕೊಂಡು ಸ್ಟೇಷನ್ನಿಗೆ ಹೊರಟ. ಈ ಸಲ ಇವಳು ಓವನ್ ಬಿಟ್ಟು ಅಲುಗಲಿಲ್ಲ. ಮೊದಲು ಎಣ್ಣೆ ಉಪ್ಪಿನಲ್ಲೇ ಇಟ್ಟಳು. ಅಂಚು ಸುಕ್ಕಾಗಿ, ಕಡ್ಡಿ ಚುಚ್ಚಿದರೆ ಮೆತ್ತಗೆ ಇಳಿದಾಗ ಹೊರಗೆಳೆದು, ಆಗ ಬೆಣ್ಣೆ, ಆಗ ಜೇನು. ಆಮೇಲೆ ಎಂದರೆ ಆಮೇಲೆಯೇ. ಅದಕ್ಕೆ ಎರಡರ್ಥ ಇರಲಿಲ್ಲ, ತಾನೇ ಕಿವಿ ಕೊಡಲಿಲ್ಲ. ಬಾಟಲಿಯಲ್ಲಿ ಉಳಿದದ್ದೇ ಸ್ವಲ್ಪ, ಅಷ್ಟನ್ನೇ ಸುರಿದಳು. ಮತ್ತೆ ಸ್ವಲ್ಪ ಹೊತ್ತು ಒಳಗಿಟ್ಟು ತೆಗೆದಾಗ ಕ್ಯಾರೆಟ್ ಒಂದೊಂದೂ ಎಣ್ಣೆಬತ್ತಿಯ ಬೆಳಕು ಬಿದ್ದ ಹಾಗೆ ಮಿನುಗುತ್ತಿತ್ತು. ನಿಂಬೆಹಣ್ಣು ಹಿಂಡಿ ಒಂದು ತುಂಡು ಬಾಯಿಗೆ ಹಾಕಿಕೊಂಡಳು. ಚೆನ್ನಾಗಿತ್ತು. ಅದು ಚೆನ್ನಾಗಿದ್ದದ್ದು ಅವಳಿಗೆ ಇಷ್ಟವಾಗಲಿಲ್ಲ. ಬಟ್ಟಲಿಗೆ ಸುರಿದರೆ ಅರ್ಧ ಬಟ್ಟಲೂ ಆಗಲಿಲ್ಲ.

ನಾದಿನಿ ಬಂದಳು. ತೆಳ್ಳಗಾಗಿದ್ದಳು, ಮುಂಗೈ ಮೇಲೆ ಹಳೆಯ ಸುಟ್ಟ ಗೆರೆಗಳು. ಅತ್ತಿಗೆ ಎಂದು ಬಾಗಿಲಲ್ಲೇ ತಬ್ಬಿಕೊಂಡು ಎಷ್ಟೋ ಹೊತ್ತು ಬಿಡಲಿಲ್ಲ. ಇವಳು ಕೈ ಎಲ್ಲಿಡಬೇಕೋ ತಿಳಿಯದೆ ಅವಳ ಬ್ಯಾಗನ್ನು ಹಿಡಿದುಕೊಂಡಳು. ಒಳಗೆ ಬಂದವಳು ಮೊದಲು ಅಡುಗೆಮನೆಗೇ ಹೋಗಿ ಓವನ್ನಿನ ಬಾಗಿಲು ತೆಗೆದು ನೋಡಿದಳು. ಒಳಗೆ ಅಂಟಿದ್ದ ಕಪ್ಪು ಕಲೆಗಳನ್ನು ಕಂಡು, ಪರವಾಗಿಲ್ವೇ, ಚೆನ್ನಾಗಿ ದುಡಿಸ್ತಿದ್ದೀರಿ, ಎಂದಳು. ಸುಳ್ಳು ಹೀಗೆ ಸುಟ್ಟು ನಿಜವಾಯಿತು. ಹುಡುಗಿ ಇಬ್ಬರ ಹಿಂದೆಯೂ ನಿಲ್ಲದೆ, ನೀರಿನ ಲೋಟಗಳನ್ನು ಮೇಜಿನ ಮೇಲೆ ಜೋಡಿಸುತ್ತಿದ್ದಳು. ನಾಲ್ಕು ಲೋಟಗಳ ನಡುವೆ ಒಂದೇ ಅಂತರವಿರುವಂತೆ ಮತ್ತೆ ಮತ್ತೆ ಸರಿಸುತ್ತಿದ್ದಳು.

ಊಟಕ್ಕೆ ಕುಳಿತರು. ಹುಡುಗಿ ನಡುವೆ, ಆ ಪಕ್ಕ ನಾದಿನಿ, ಈ ಪಕ್ಕ ಇವಳು, ಎದುರಿಗೆ ಗಂಡ. ನಾದಿನಿ ಕ್ಯಾರೆಟ್ ಬಾಯಿಗಿಟ್ಟು ಕಣ್ಣು ಮುಚ್ಚಿ, ನಮ್ಮ ಹೋಟೆಲಲ್ಲೂ ಹೀಗೆ ಆಗಲ್ಲ ಅತ್ತಿಗೆ, ಎಂದಳು. ಅದು ಹೊಗಳಿಕೆಯೋ ಕರುಣೆಯೋ. ಆಮೇಲೆ ಯಾರೂ ಕೇಳದಿದ್ದರೂ ಹೇಳತೊಡಗಿದಳು. ಅಲ್ಲಿ ನಿನಗೇ ಅಂತ ಒಂದು ರೂಮಿದೆ, ಕಿಟಕಿಯಿಂದ ಆಟದ ಮೈದಾನ ಕಾಣತ್ತೆ. ಶಾಲೆಯಲ್ಲಿ ಈಜು ಕಲಿಸ್ತಾರೆ. ಇವಳು ಹುಡುಗಿಯ ತಟ್ಟೆಗೆ ಒಂದು ಚಮಚ ಕ್ಯಾರೆಟ್ ಹಾಕಿದಳು. ರಜೆ ಬಂದಾಗೆಲ್ಲ ಇಲ್ಲಿಗೇ ಬರಬಹುದು, ನಾನೇ ಕರ್ಕೊಂಡು ಬರ್ತೀನಿ. ಇನ್ನೊಂದು ಚಮಚ. ಈಗ ನನಗೆ ಬೆಳಗಿನ ಪಾಳಿ, ಸಂಜೆಯೆಲ್ಲ ಮನೇಲೇ ಇರ್ತೀನಿ, ನಿಂಗೆ ಏನು ಬೇಕೋ ಮಾಡಿಕೊಡ್ತೀನಿ. ಇನ್ನೊಂದು. ನಾದಿನಿಯ ಮಾತು ಓಡುತ್ತಿತ್ತು, ಇವಳ ಕೈ ಓಡುತ್ತಿತ್ತು. ನಿಲ್ಲಿಸಿದರೆ ಏನು ಕೇಳಬೇಕಾಗುತ್ತದೋ ಎಂದು ಇಬ್ಬರಿಗೂ ಭಯ. ಇಬ್ಬರೂ ಬಡಿಸುತ್ತಲೇ ಇದ್ದರು. ಹುಡುಗಿ ತಲೆ ತಗ್ಗಿಸಿಕೊಂಡು, ಬೆರಳು ಬಿಡಿಸಿ ತಟ್ಟೆಯ ಮೇಲೆ ಅಡ್ಡ ಇಟ್ಟಳು.

"ಸಾಕಮ್ಮ," ಎಂದಳು.

ಮಾತೂ ನಿಂತಿತು, ಚಮಚವೂ ನಿಂತಿತು. ಒಂದು ವಾರದ ಮೇಲೆ ಆ ಬಾಯಿಂದ ಅಮ್ಮ ಎಂಬುದು ಬಿದ್ದಿತ್ತು. ಆದರೆ ಅದು ಅಮ್ಮ ಹೌದೇ? ತರಕಾರಿ ಮಾರುವವಳಿಗೂ ಸಾಕಮ್ಮ ಎನ್ನುತ್ತಾರೆ, ಬಸ್ಸಿನಲ್ಲಿ ಒತ್ತಿ ಕೂತವಳಿಗೂ ಸಾಕು ಸರಿಯಮ್ಮ ಎನ್ನುತ್ತಾರೆ, ಬೇಸತ್ತು ಗೋಡೆಗೂ ಸಾಕಮ್ಮ ಎನ್ನುತ್ತಾರೆ. ಮಾತಿಗೆ ಅಂಟಿದ ಬಾಲವೇ ಅದು, ಅಥವಾ ತನ್ನನ್ನೇ ಕರೆದದ್ದೇ? ಅಥವಾ ಟೀಚರ್ ಕಲಿಸಿದ ಸಾಕು, ಸಾಕಿದ ಅಮ್ಮ, ಫೋನಮ್ಮನ ಪಕ್ಕಕ್ಕೆ ಇನ್ನೊಬ್ಬಳು ಸಾಕಮ್ಮ, ನಾಯಿಗೂ ಇರುವಂಥವಳು? ಅಥವಾ ತನಗಲ್ಲವೇ ಅಲ್ಲ, ಆ ಪಕ್ಕದವಳಿಗೋ? ಹುಡುಗಿ ಹೇಳಿದ್ದು ತಟ್ಟೆಗೆ. ನಾದಿನಿಯ ಮುಖವೂ ಅದನ್ನೇ ಲೆಕ್ಕ ಹಾಕುತ್ತಿರುವುದು ಕಂಡಿತು. ಗಂಡ ಕೈಯಲ್ಲಿದ್ದ ತುತ್ತನ್ನು ತಟ್ಟೆಗೆ ಇಳಿಸಿದ.

"ಯಾರಿಗೆ ಹೇಳಿದ್ದು, ಪಿಟೀಲು?" ಎಂದಳು ನಾದಿನಿ. ಆ ಹೆಸರಿನಿಂದ ಅವಳು ಕರೆದದ್ದು ಅದೇ ಮೊದಲು.

ಹುಡುಗಿ ತಟ್ಟೆಯ ಮೇಲಿನ ಕೈ ತೆಗೆದಳು. ತೆಗೆದು, ತಟ್ಟೆಯನ್ನು ಮೆಲ್ಲಗೆ ಇವಳ ಕಡೆಗೆ ಸರಿಸಿದಳು.

"ನೀನು ಹಾಕು," ಎಂದಳು.

ನಾದಿನಿ ನೀರಿನ ಲೋಟ ಎತ್ತಿ, ಕುಡಿಯದೆ, ಇಟ್ಟಿದ್ದಲ್ಲೇ ಇಟ್ಟಳು. ಇವಳಿಗೆ ಆನಂದವಾಯಿತು, ಮೈಯೆಲ್ಲ ಆನಂದವಾಯಿತು. ಜೊತೆಗೇ ಆ ಸುಟ್ಟ ಗೆರೆಗಳ ಕೈ ಕಣ್ಣಿಗೆ ಬಿದ್ದು, ತಾನು ಗೆದ್ದೆನೋ ಕದ್ದೆನೋ ತಿಳಿಯದಾಯಿತು. ಚಮಚ ಅದ್ದಿದರೆ ಬಟ್ಟಲಿನ ತಳಕ್ಕೆ ಬಡಿದು ಸದ್ದಾಯಿತು. ಕ್ಯಾರೆಟ್ ಮುಗಿದಿತ್ತು. ಎಲ್ಲವನ್ನೂ ಆಗಲೇ, ಹುಚ್ಚು ಹಿಡಿದವಳಂತೆ ಬಡಿಸಿಬಿಟ್ಟಿದ್ದಳು. ಹುಡುಗಿ ಇನ್ನೂ ತಟ್ಟೆ ಹಿಡಿದೇ ಇದ್ದಳು. ಅದರಲ್ಲಿ ರಾಶಿ ಇತ್ತು, ಆದರೂ ಹಿಡಿದಿದ್ದಳು. ಹಾಕಲೇಬೇಕಿತ್ತು. ಇವಳು ಎದ್ದು ಅಡುಗೆಮನೆಗೆ ಹೋಗಿ, ಏನು ಮಾಡುತ್ತಿದ್ದೇನೆ ಎಂದು ಯೋಚಿಸದೆ, ಸಿಂಕಿನ ಕೆಳಗಿಂದ ಆ ಕಪ್ಪು ಟ್ರೇಯನ್ನು ಎಳೆದು ತಂದು ಮೇಜಿನ ನಡುವೆ, ಅಡುಗೆಯವಳ ಎದುರಿಗೇ, ಇಟ್ಟಳು.

ನಾದಿನಿ ಅದನ್ನು ನೋಡಿದಳು. "ಜೇನು ಮೊದಲೇ ಹಾಕಿಬಿಟ್ರಾ ಅತ್ತಿಗೆ?"

"ಸಾಕಷ್ಟು ಅಂದಿದ್ದೆಯಲ್ಲ ನೀನು," ಎಂದಳು ಇವಳು.

ನಾದಿನಿ ನಕ್ಕಳು. ನಗು ಸ್ವಲ್ಪ ದೂರ ಹೋಗಿ ಬೇರೆ ಏನೋ ಆಯಿತು. ಮುಂಗೈಯಿಂದ ಕಣ್ಣು ಒತ್ತಿಕೊಂಡಳು. ಗಂಡ ತಂಗಿಯ ಕಡೆ ನೋಡಲಾರದೆ ಲೋಟಗಳಿಗೆ ನೀರು ತುಂಬಿಸತೊಡಗಿದ, ತುಂಬಿದ್ದವಕ್ಕೂ ತುಂಬಿಸಿದ. ಹುಡುಗಿ ಎದ್ದು ನಿಂತು, ಚಮಚದ ಹಿಡಿಯಿಂದ ಕುಟ್ಟಿ, ಗಟ್ಟಿಯಾದ ಜೇನಿನಿಂದ ಒಂದು ತುಂಡನ್ನು ಎಬ್ಬಿಸಿ ಬಾಯಿಗೆ ಹಾಕಿಕೊಂಡಳು. ಅದು ಹಲ್ಲಿನ ನಡುವೆ ಕಟಕಟ ಎನ್ನುವುದು ಎಲ್ಲರಿಗೂ ಕೇಳಿಸಿತು.

"ಕಹಿ ಇದೆ ಅಮ್ಮ," ಎಂದಳು ಇವಳಿಗೆ.

ಆಮೇಲೆ ಇನ್ನೊಂದನ್ನು ಎಬ್ಬಿಸಿ, ತಗೋ ಫೋನಮ್ಮ ಎಂದು ನಾದಿನಿಯ ತಟ್ಟೆಗೆ ಹಾಕಿದಳು. ನಾದಿನಿ ಅದನ್ನು ತಿಂದಳು.